ಗೇಮ್ ಬಾರ್ ಕೈ ಕೊಟ್ರೆ ಓಎಸ್ ಹೊಸ್ದಾಗಿ ಹಾಕ್ಸಬೇಡ್ರಿ: ರಿಪೇರಿಯಿಂದ ರೀಇನ್‌ಸ್ಟಾಲ್‌ವರೆಗೂ ಪೂರ್ತಿ ದಾರಿ

ದಾವಣಗೆರೆಲಿ ಅಸೆಂಬಲ್ಡ್ ಪಿಸಿ ತಗೊಂಡಿರೋ ಹುಡುಗರು ಜಾಸ್ತಿ ಕೇಳೋ ಪ್ರಶ್ನೆ ಎರಡೇ, ಒಂದು ಗೇಮಲ್ಲಿ ಎಫ್‌ಪಿಎಸ್, ಅಂದ್ರೆ ಸೆಕೆಂಡಿಗೆ ಕಾಣೋ ಫ್ರೇಮು, ಯಾಕೆ ಕಮ್ಮಿ ಬರ್ತೈತೆ, ಇನ್ನೊಂದು ವಿಂಡೋಸ್ ಕೀ ಜೊತೆ ಜಿ ಒತ್ತಿದ್ರೆ ಗೇಮ್ ಬಾರ್, ಅಂದ್ರೆ ಆಟದ ಮೇಲೇ ಬಂದು ರೆಕಾರ್ಡ್ ಮಾಡೋ ವಿಂಡೋಸಿನ ಪಟ್ಟಿ, ಯಾಕೆ ಬರ್ತಿಲ್ಲ. ಮೊದಲನೇದಕ್ಕೆ ಉತ್ತರ ದುಡ್ಡು, ಅದನ್ನ ಬಿಡ್ರಿ. ಎರಡನೇದಕ್ಕೆ ದುಡ್ಡು ಬೇಕಿಲ್ಲ, ಅರ್ಧ ಗಂಟೆ ಟೈಮು, ನೆಟ್ಟಗಿರೋ ಇಂಟರ್ನೆಟ್ಟು ಮತ್ತೆ ಸ್ವಲ್ಪ ತಾಳ್ಮೆ ಇದ್ರೆ ಸಾಕು. ಆದ್ರೂ ಎಷ್ಟೋ ಜನ ಸಿಪಿಯು ಹೊತ್ಕೊಂಡು ಅಂಗಡಿಗೆ ಹೋಗಿ ಫಾರ್ಮ್ಯಾಟ್ ಮಾಡಿಸ್ಕೊಂಡು ಬರ್ತಾರೆ, ಇದ್ದ ಬದ್ದ ಗೇಮ್ ಎಲ್ಲಾ ಮತ್ತೆ ಡೌನ್‌ಲೋಡ್ ಹಾಕಿ ಡೇಟಾ ಖಾಲಿ ಮಾಡ್ಕೋತಾರೆ. ಅದಕ್ಕೇ ಇದನ್ನ ಬುಡದಿಂದ ಬರೀತಿದೀನಿ.

ಒಂದು ಮಾತು ಮೊದ್ಲೇ ಹೇಳ್ಬಿಡ್ತೀನಿ, ಮೆನು ಹೆಸರು, ಕಮಾಂಡು ಎಲ್ಲಾ ಇಲ್ಲಿ ಕನ್ನಡ ಅಕ್ಷರದಲ್ಲೇ ಇದಾವೆ, ಕಂಪ್ಯೂಟರ್‌ನಲ್ಲಿ ಟೈಪ್ ಮಾಡುವಾಗ ಇಂಗ್ಲಿಷ್ ಅಕ್ಷರದಲ್ಲೇ ಹೊಡೀರಿ. ಸ್ಪೆಲ್ಲಿಂಗ್ ತಪ್ಪೋ ಕಡೆ ಬಿಡಿಸಿ ಹೇಳಿದೀನಿ.

ಇದು ಯಾಕೆ ಕೆಡ್ತೈತೆ

ಗೇಮ್ ಬಾರ್ ಅನ್ನೋದು 2015ರಲ್ಲಿ ವಿಂಡೋಸ್ 10 ಜೊತೆ ಬಂತು, ಆಗ ಬರೀ ಒಂದು ಸಣ್ಣ ರೆಕಾರ್ಡಿಂಗ್ ಪಟ್ಟಿ. 2019ರಲ್ಲಿ ಅದಕ್ಕೆ ವಿಜೆಟ್‌ಗಳನ್ನ ಹಾಕಿ ಪೂರ್ತಿ ಓವರ್‌ಲೇ ಮಾಡಿದ್ರು, ಸೌಂಡ್ ಮಿಕ್ಸರ್ರು, ಪರ್ಫಾರ್ಮೆನ್ಸ್ ಮೀಟರ್ರು, ಸ್ಕ್ರೀನ್‌ಶಾಟು, ಎಲ್ಲಾ ಗೇಮ್ ಮೇಲೇ ತೇಲೋ ಹಂಗೆ. ಎಕ್ಸ್‌ಬಾಕ್ಸ್ ಗೇಮ್ ಬಾರ್ ಅಂತ ಪೂರ್ತಿ ಹೆಸರು, ಈಗೀಗ ಬರೀ ಗೇಮ್ ಬಾರ್ ಅಂತಾನೂ ಕಾಣ್ತೈತೆ, ಎರಡೂ ಒಂದೇ.

ಇದರಲ್ಲಿ ಎರಡು ಭಾಗ ಐತೆ ಅಂತ ತಿಳ್ಕೊಂಡ್ರೆ ಅರ್ಧ ತಲೆನೋವು ಕಮ್ಮಿ ಆಗ್ತೈತೆ. ಒಂದು, ಕಣ್ಣಿಗೆ ಕಾಣೋ ಆ್ಯಪು, ಇದು ಮೈಕ್ರೋಸಾಫ್ಟ್ ಸ್ಟೋರ್‌ನಿಂದ ಬರ್ತೈತೆ, ಅಲ್ಲಿಂದಲೇ ಅಪ್‌ಡೇಟ್ ಆಗ್ತೈತೆ, ಒಳಗಿನ ಹೆಸರು ಎಕ್ಸ್‌ಬಾಕ್ಸ್ ಗೇಮಿಂಗ್ ಓವರ್‌ಲೇ. ಇನ್ನೊಂದು, ವಿಂಡೋಸ್ ಒಳಗೇ ಕೂತಿರೋ ಗೇಮ್ ಡಿವಿಆರ್ ಅನ್ನೋ ರೆಕಾರ್ಡಿಂಗ್ ವ್ಯವಸ್ಥೆ. ಗೇಮ್ ಶುರು ಆದ ತಕ್ಷಣ, ಇಲ್ಲಾ ಕಂಟ್ರೋಲರ್‌ನ ಎಕ್ಸ್‌ಬಾಕ್ಸ್ ಬಟನ್ ಒತ್ತಿದ ತಕ್ಷಣ, ವಿಂಡೋಸು ಆ ಆ್ಯಪನ್ನ ಹೆಸರು ಹಿಡಿದು ಕರೀತೈತೆ. ಈಗ ಯಾರೋ ವಿಡಿಯೋ ನೋಡಿ "ಪಿಸಿ ಫಾಸ್ಟ್ ಆಗ್ತೈತೆ" ಅಂತ ಡಿಬ್ಲೋಟ್ ಸ್ಕ್ರಿಪ್ಟ್, ಅಂದ್ರೆ ಬೇಡದ ಆ್ಯಪ್‌ಗಳನ್ನ ಒಟ್ಟಿಗೆ ಕೀಳೋ ಕಮಾಂಡ್ ಫೈಲ್, ಓಡಿಸಿ ಆ್ಯಪ್ ಕಿತ್ತಾಕಿರ್ತಾರೆ, ಇಲ್ಲಾ ಅಂಗಡೀಲೇ ಲೈಟ್ ವಿಂಡೋಸ್ ಅಂತ ಸೋಸಿದ ಓಎಸ್ ಹಾಕಿ ಕೊಟ್ಟಿರ್ತಾರೆ. ಆ್ಯಪ್ ಹೋಯ್ತು, ಕರೆಯೋನು ಹಂಗೇ ಉಳ್ಕೊಂಡ. ಆಗ್ಲೇ ನೋಡ್ರಿ, ಗೇಮ್ ಓಪನ್ ಆಗೋ ಹೊತ್ತಿಗೆ ಸರಿಯಾಗಿ ನಡುವೆ ಒಂದು ನೀಲಿ ಇಲ್ಲಾ ಬಿಳಿ ಡಬ್ಬಿ ಬಂದು "ಈ ಎಂಎಸ್-ಗೇಮಿಂಗ್‌ಓವರ್‌ಲೇ ಲಿಂಕ್ ತೆರೆಯೋಕೆ ಆ್ಯಪ್ ಬೇಕು" ಅಂತ ಕೂರೋದು. ಅದು ವೈರಸ್ ಅಲ್ಲ. ಓಕೆ ಒತ್ತಿದ್ರೂ ಹೋಗಲ್ಲ, ಕ್ಯಾನ್ಸಲ್ ಮಾಡಿದ್ರೂ ಮುಂದಿನ ಸಲ ಮತ್ತೆ ಹಾಜರ್.

ಹಂಗಾಗಿ ನನ್ನ ಅಭಿಪ್ರಾಯ ಇಷ್ಟೇ: ಇಟ್ಕೊಂಡ್ರೆ ಪೂರ್ತಿ ಇಟ್ಕೊಳ್ರಿ, ಬೇಡ ಅಂದ್ರೆ ಸೆಟ್ಟಿಂಗ್ಸ್‌ನಲ್ಲಿ ಆಫ್ ಮಾಡ್ರಿ, ಅರ್ಧಂಬರ್ಧ ಕೀಳಬೇಡ್ರಿ. ಎಎಂಡಿ ರೈಜೆನ್ 7950ಎಕ್ಸ್3ಡಿ ತರದ ಎರಡು ಭಾಗ ಇರೋ ಪ್ರೊಸೆಸರ್ ಹಾಕ್ಸಿದೋರು ಅಂತೂ ಮುಟ್ಟಲೇಬೇಡ್ರಿ, ಯಾವುದು ಗೇಮು ಅಂತ ಗುರುತು ಹಿಡಿಯೋಕೆ ಅದರ ಡ್ರೈವರ್ರು ಗೇಮ್ ಬಾರನ್ನೇ ನೆಚ್ಕೊಂಡೈತೆ, ಕಿತ್ತಾಕಿದ್ರೆ ಪ್ರೊಸೆಸರ್‌ನ ಜಾಸ್ತಿ ಕ್ಯಾಶ್ ಮೆಮೊರಿ ಇರೋ ಭಾಗದಲ್ಲಿ ಗೇಮ್ ಓಡದೇ ಹೋಗಬಹುದು.

ಮೊದ್ಲು ರೋಗ ಏನು ಅಂತ ನೋಡ್ರಿ

ಏನೂ ಕೀಳೋಕೆ ಮುಂಚೆ ಕೀಬೋರ್ಡ್ ನೋಡ್ರಿ. ತಮಾಷೆ ಅಲ್ಲ. ವಿದ್ಯಾನಗರದಲ್ಲಿ ನಮ್ಮ ಪಕ್ಕದ ಬೀದಿ ಹುಡುಗ ಒಬ್ಬ ಬಂದು "ಅಣ್ಣ, ಗೇಮ್ ಬಾರ್ ಬರ್ತಿಲ್ಲ, ಅಂಗಡಿಯೋರು ಹೊಸ್ದಾಗಿ ಓಎಸ್ ಹಾಕ್ಬೇಕು ಅಂತಿದಾರೆ" ಅಂದ. ಹೋಗಿ ನೋಡಿದ್ರೆ ಏಳು ಬಣ್ಣ ಮಿಣಮಿಣ ಅನ್ನೋ ಗೇಮಿಂಗ್ ಕೀಬೋರ್ಡು, ಬಲಗಡೆ ಮೂಲೇಲಿ ನಮ್ ಲಾಕ್, ಕ್ಯಾಪ್ಸ್ ಲಾಕ್ ಲೈಟ್ ಪಕ್ಕ ಬೀಗದ ಚಿತ್ರ ಇರೋ ಇನ್ನೊಂದು ಸಣ್ಣ ಲೈಟು ಉರೀತಿತ್ತು. "ತಮ್ಮ, ಎಫ್‌ಎನ್ ಹಿಡ್ಕೊಂಡು ವಿಂಡೋಸ್ ಕೀ ಒಂದ್ಸಲ ಒತ್ತು" ಅಂದೆ. ಲೈಟ್ ಆರ್ತು, ಆಮೇಲೆ ವಿಂಡೋಸ್ ಕೀ ಜೊತೆ ಜಿ ಒತ್ತಿದ, ಗೇಮ್ ಬಾರ್ ಟಪಕ್ ಅಂತ ಬಂತು. ಆಟದ ಮಧ್ಯೆ ಕೈ ತಾಗಿ ಸ್ಟಾರ್ಟ್ ಮೆನು ಬರಬಾರ್ದು ಅಂತ ಈ ತರ ಕೀಬೋರ್ಡ್‌ಗಳಲ್ಲಿ ವಿಂಡೋಸ್ ಕೀ ಲಾಕ್ ಇಟ್ಟಿರ್ತಾರೆ, ಅಷ್ಟೇ. ಪರೀಕ್ಷೆ ಸುಲಭ, ವಿಂಡೋಸ್ ಕೀ ಒಂದೇ ಒತ್ರಿ, ಸ್ಟಾರ್ಟ್ ಮೆನು ಬರ್ಲಿಲ್ಲ ಅಂದ್ರೆ ತಪ್ಪು ಗೇಮ್ ಬಾರ್‌ದಲ್ಲ. ಕೆಲವು ಕೀಬೋರ್ಡಲ್ಲಿ ಎಫ್‌ಎನ್ ಬದಲು ಬೇರೆ ಕೀ ಇರ್ತೈತೆ, ಡಬ್ಬಿ ಜೊತೆ ಬಂದ ಚೀಟಿ ನೋಡ್ರಿ.

ಕೀಬೋರ್ಡ್ ಸರಿ ಐತೆ ಅಂದ್ರೆ, ಸ್ಟಾರ್ಟ್ ಮೆನು ಓಪನ್ ಮಾಡಿ ಗೇಮ್ ಬಾರ್ ಅಂತ ಟೈಪ್ ಮಾಡ್ರಿ. ಆ್ಯಪ್ ಕಾಣಿಸಿ, ಕ್ಲಿಕ್ ಮಾಡಿದ್ರೆ ಓಪನ್ ಆದ್ರೆ, ಆ್ಯಪ್ ಚೆನ್ನಾಗೈತೆ, ಶಾರ್ಟ್‌ಕಟ್ಟೋ ಸೆಟ್ಟಿಂಗ್ಸೋ ಕೈ ಕೊಟ್ಟೈತೆ. ಕಾಣಿಸಿ, ಓಪನ್ ಆಗದೇ ಇದ್ರೆ, ಇಲ್ಲಾ ಬಂದು ಮಾಯ ಆದ್ರೆ, ರಿಪೇರಿ ಸಾಕು. ಕಾಣಿಸ್ಲೇ ಇಲ್ಲ ಅಂದ್ರೆ ಆ್ಯಪೇ ಇಲ್ಲ, ಸೀದಾ ರೀಇನ್‌ಸ್ಟಾಲ್ ಭಾಗಕ್ಕೆ ಹೋಗ್ರಿ. ಈ ಮೂರರಲ್ಲಿ ಯಾವುದು ಅಂತ ಗೊತ್ತಿಲ್ದೆ ಪವರ್‌ಶೆಲ್, ಅಂದ್ರೆ ಕಮಾಂಡ್ ಟೈಪ್ ಮಾಡೋ ಕಿಟಕಿ, ಓಪನ್ ಮಾಡೋದು ಬೇಡ.

ಸೆಟ್ಟಿಂಗ್ಸ್, ರಿಪೇರ್, ರೀಸೆಟ್

ವಿಂಡೋಸ್ 10 ಇದ್ರೆ ಸೆಟ್ಟಿಂಗ್ಸ್, ಗೇಮಿಂಗ್, ಎಕ್ಸ್‌ಬಾಕ್ಸ್ ಗೇಮ್ ಬಾರ್ ಅಂತ ಹೋಗ್ರಿ, ಮೇಲೇ ಒಂದು ಸ್ವಿಚ್ ಐತೆ, ಅದು ಆನ್ ಇರ್ಬೇಕು. ವಿಂಡೋಸ್ 11ರಲ್ಲಿ ಅದೇ ಜಾಗದಲ್ಲಿ ಇರೋ ಸ್ವಿಚ್ಚು ಕಂಟ್ರೋಲರ್ ಬಟನ್‌ಗೆ ಮಾತ್ರ, ಕೀಬೋರ್ಡ್ ಶಾರ್ಟ್‌ಕಟ್‌ಗೂ ಅದಕ್ಕೂ ಸಂಬಂಧ ಇಲ್ಲ, ಇದನ್ನ ನೋಡಿ ತುಂಬ ಜನ ಗೊಂದಲ ಮಾಡ್ಕೋತಾರೆ. ಅಂದಹಾಗೆ ವಿಂಡೋಸ್ 10ಕ್ಕೆ ಮೈಕ್ರೋಸಾಫ್ಟ್‌ನೋರು 2025ರ ಅಕ್ಟೋಬರ್ 14ಕ್ಕೇ ಮಾಮೂಲಿ ಸಪೋರ್ಟ್ ನಿಲ್ಸಿದಾರೆ, ಗೇಮ್ ಬಾರ್ ಓಡ್ತೈತೆ, ಆದ್ರೆ ಪಿಸಿಗೆ ತಾಕತ್ತಿದ್ರೆ 11ಕ್ಕೆ ಹೋಗೋದೇ ವಾಸಿ.

ಸ್ವಿಚ್ ಎಲ್ಲಾ ಸರಿ ಐತೆ ಅಂದ್ರೆ ರಿಪೇರಿ. ವಿಂಡೋಸ್ 11ರಲ್ಲಿ ಸೆಟ್ಟಿಂಗ್ಸ್, ಆ್ಯಪ್ಸ್, ಇನ್‌ಸ್ಟಾಲ್ಡ್ ಆ್ಯಪ್ಸ್‌ಗೆ ಹೋಗಿ ಗೇಮ್ ಬಾರ್ ಹುಡುಕ್ರಿ, ಅಲ್ಲಿ ಸಿಗ್ಲಿಲ್ಲ ಅಂದ್ರೆ ಗಾಬರಿ ಬೇಡ, ಹೊಸ ಆವೃತ್ತಿಗಳಲ್ಲಿ ಅದನ್ನ ಸೆಟ್ಟಿಂಗ್ಸ್, ಸಿಸ್ಟಮ್, ಸಿಸ್ಟಮ್ ಕಾಂಪೊನೆಂಟ್ಸ್ ಅನ್ನೋ ಕಡೆಗೆ ಸಾಗಿಸಿದಾರೆ. ಪಕ್ಕದ ಮೂರು ಚುಕ್ಕಿ ಒತ್ತಿ ಅಡ್ವಾನ್ಸ್ಡ್ ಆಪ್ಷನ್ಸ್ ತಗೊಳ್ರಿ. ಮೊದ್ಲು ಬ್ಯಾಕ್‌ಗ್ರೌಂಡ್ ಆ್ಯಪ್ ಪರ್ಮಿಷನ್ ನೋಡ್ರಿ, ಅದು ನೆವರ್ ಅಂತ ಇದ್ರೆ ಆಲ್ವೇಸ್ ಮಾಡ್ರಿ, ಬ್ಯಾಟರಿ ಉಳಿಸೋಕೆ ಅಂತ ಎಲ್ಲಾ ಆ್ಯಪ್‌ಗೂ ನೆವರ್ ಹಾಕಿರೋ ಲ್ಯಾಪ್‌ಟಾಪ್‌ಗಳಲ್ಲಿ ಇದೇ ಕಾರಣ ಇರ್ತೈತೆ. ಆಮೇಲೆ ಟರ್ಮಿನೇಟ್ ಒತ್ತಿ, ರಿಪೇರ್ ಒತ್ರಿ. ಪಕ್ಕದಲ್ಲಿ ಟಿಕ್ ಗುರುತು ಬಂತಾ, ಈಗ ಶಾರ್ಟ್‌ಕಟ್ ಹೊಡೆದು ನೋಡ್ರಿ. ಬರ್ಲಿಲ್ಲ ಅಂದ್ರೆ ರೀಸೆಟ್. ರಿಪೇರ್‌ನಲ್ಲಿ ನಿಮ್ಮ ಸೆಟ್ಟಿಂಗ್ ಹಂಗೇ ಇರ್ತಾವೆ, ರೀಸೆಟ್‌ನಲ್ಲಿ ವಿಜೆಟ್ ಎಲ್ಲಿ ಇಟ್ಟಿದ್ರಿ, ಏನು ಪಿನ್ ಮಾಡಿದ್ರಿ ಅದೆಲ್ಲಾ ಹೋಗ್ತೈತೆ. ರೆಕಾರ್ಡ್ ಮಾಡಿದ ಕ್ಲಿಪ್‌ಗಳು ಹೋಗಲ್ಲ, ಅವು ವಿಡಿಯೋಸ್ ಫೋಲ್ಡರ್ ಒಳಗೆ ಕ್ಯಾಪ್ಚರ್ಸ್ ಅನ್ನೋ ಫೋಲ್ಡರಲ್ಲಿ ಮಾಮೂಲಿ ಫೈಲ್ ಆಗಿ ಕೂತಿರ್ತಾವೆ, ಆ್ಯಪನ್ನೇ ಕಿತ್ರೂ ಅವಕ್ಕೆ ಏನೂ ಆಗಲ್ಲ.

ಇದರ ಜೊತೆ ಸ್ಟೋರ್ ಓಪನ್ ಮಾಡಿ, ಕೆಳಗೆ ಎಡಗಡೆ ಡೌನ್‌ಲೋಡ್ಸ್ ಇಲ್ಲಾ ಲೈಬ್ರರಿ ಅಂತ ಇರೋ ಕಡೆ ಹೋಗಿ ಅಪ್‌ಡೇಟ್ ಚೆಕ್ ಮಾಡ್ರಿ. ವಿಂಡೋಸ್ ಹೊಸ್ದಾಗಿ ಅಪ್‌ಡೇಟ್ ಆಗಿ, ಗೇಮ್ ಬಾರ್ ಹಳೇದು ಉಳ್ಕೊಂಡಾಗ ಓಪನ್ ಆಗಿ ತಕ್ಷಣ ಮುಚ್ಕೊಳ್ಳೋದು ಉಂಟು. ಗೇಮ್ ಪಾಸ್ ಗೇಮ್ ಆಡೋರಾದ್ರೆ ಎಕ್ಸ್‌ಬಾಕ್ಸ್ ಆ್ಯಪ್‌ನ ಸಪೋರ್ಟ್ ಭಾಗದಲ್ಲಿ ಗೇಮಿಂಗ್ ಸರ್ವಿಸಸ್ ರಿಪೇರ್ ಟೂಲ್ ಅಂತ ಒಂದೈತೆ, ಅದನ್ನೂ ಒಂದ್ಸಲ ಓಡಿಸ್ರಿ.

ರೀಇನ್‌ಸ್ಟಾಲ್, ನಿಧಾನಕ್ಕೆ

ಇಲ್ಲಿಗೆ ಬಂದ್ರೆ ಆ್ಯಪ್ ಕೆಟ್ಟಿದೆ ಇಲ್ಲಾ ಇಲ್ಲವೇ ಇಲ್ಲ. ಗೇಮ್ ಬಾರ್‌ಗೆ ಅನ್‌ಇನ್‌ಸ್ಟಾಲ್ ಬಟನ್ ಮಾಮೂಲಿ ಜಾಗದಲ್ಲಿ ಸಿಗಲ್ಲ, ಇದ್ರೂ ಮಂಕಾಗಿರ್ತೈತೆ, ವಿಂಡೋಸ್ ಜೊತೆ ಬಂದಿದ್ದು ಅಂತ. ಅದಕ್ಕೆ ಪವರ್‌ಶೆಲ್ ಬೇಕು. ಸ್ಟಾರ್ಟ್ ಬಟನ್ ಮೇಲೆ ರೈಟ್ ಕ್ಲಿಕ್ ಮಾಡಿ ಟರ್ಮಿನಲ್ ಅಡ್ಮಿನ್ ಇಲ್ಲಾ ಪವರ್‌ಶೆಲ್ ಅಡ್ಮಿನ್ ತಗೊಳ್ರಿ, ಅನುಮತಿ ಕೇಳಿದಾಗ ಯೆಸ್ ಬಟನ್ ಒತ್ರಿ.

ಮೊದ್ಲು ಐತೋ ಇಲ್ವೋ ನೋಡೋ ಕಮಾಂಡು:

ಗೆಟ್-ಆ್ಯಪ್‌ಎಕ್ಸ್‌ಪ್ಯಾಕೇಜ್ *ಎಕ್ಸ್‌ಬಾಕ್ಸ್‌ಗೇಮಿಂಗ್‌ಓವರ್‌ಲೇ*

ಗೆಟ್ ಆದ್ಮೇಲೆ ಹೈಫನ್, ಆಮೇಲೆ ಎ, ಎರಡು ಪಿ, ಒಂದು ಎಕ್ಸ್, ಅದಕ್ಕೆ ಅಂಟಿಸಿಯೇ ಪ್ಯಾಕೇಜ್, ನಡುವೆ ಜಾಗ ಬಿಡಬಾರ್ದು. ಆಮೇಲೆ ಒಂದು ಸ್ಪೇಸ್, ಸ್ಟಾರ್ ಗುರುತು, ಎಕ್ಸ್‌ಬಾಕ್ಸ್ ಗೇಮಿಂಗ್ ಓವರ್‌ಲೇ ಮೂರೂ ಪದ ಅಂಟಿಸಿ, ಮತ್ತೆ ಸ್ಟಾರ್. ಗೇಮಿಂಗ್ ಅಂತಲೇ ಇರ್ಬೇಕು, ಬರೀ ಗೇಮ್ ಅಂತ ಹಾಕಿದ್ರೆ ಅದು ಇನ್ನೊಂದು ಹಳೇ ಪ್ಯಾಕೇಜು, ಹೆಸರು ಅಣ್ಣತಮ್ಮಂದಿರ ತರ ಇದಾವೆ, ಹುಷಾರು. ಎಂಟರ್ ಹೊಡೆದಾಗ ನೇಮ್, ಪಬ್ಲಿಷರ್, ವರ್ಷನ್ ಅಂತ ಒಂದಿಷ್ಟು ಸಾಲು ಬಂದ್ರೆ ಆ್ಯಪ್ ಐತೆ. ಏನೂ ಬರದೇ ಮುಂದಿನ ಸಾಲಿಗೆ ಹೋದ್ರೆ ಆ್ಯಪ್ ಇಲ್ಲ, ತೆಗೆಯೋ ಕೆಲಸ ಉಳೀತು, ಸೀದಾ ಸ್ಟೋರ್‌ಗೆ ಹೋಗ್ರಿ.

ಇದ್ರೆ ತೆಗೀಬೇಕು. ಮೇಲಿನ ಬಾಣ ಒತ್ತಿದ್ರೆ ಅದೇ ಕಮಾಂಡ್ ಮತ್ತೆ ಬರ್ತೈತೆ, ಅದರ ಕೊನೇಲಿ ಒಂದು ಸ್ಪೇಸ್ ಬಿಟ್ಟು ಉದ್ದ ಗೆರೆ ಹಾಕ್ರಿ, ಎಂಟರ್ ಕೀ ಮೇಲೆ ಹಿಮ್ಮುಖ ಸ್ಲ್ಯಾಶ್ ಇರೋ ಕೀಲಿ ಶಿಫ್ಟ್ ಹಿಡಿದು ಒತ್ತಿದ್ರೆ ಬರೋದು ಅದು, ಆಮೇಲೆ ಇದನ್ನ ಸೇರಿಸ್ರಿ:

| ರಿಮೂವ್-ಆ್ಯಪ್‌ಎಕ್ಸ್‌ಪ್ಯಾಕೇಜ್

ಎಂಟರ್ ಹೊಡೀರಿ, ಹಸಿರೋ ಹಳದಿಯೋ ಒಂದು ಪಟ್ಟಿ ಓಡಿ ಹೋಗ್ತೈತೆ. ಸ್ಟಾರ್ ಗುರುತುಗಳ ನಡುವೆ ಹೆಸರು ಹಾಕೋದು ಮರೆತು ಬರೀ ಸ್ಟಾರ್ ಇಟ್ಟು ಈ ರಿಮೂವ್ ಕಮಾಂಡ್ ಹೊಡೆದ್ರೆ ಕ್ಯಾಲ್ಕುಲೇಟರ್ರು, ಫೋಟೋಸು, ಸ್ಟೋರ್ ಸಮೇತ ಎಲ್ಲಾ ಆ್ಯಪ್ ಎದ್ದು ಹೋಗ್ತಾವೆ, ಅದಕ್ಕೇ ಮೊದ್ಲು ಗೆಟ್ ಅಷ್ಟೇ ಹೊಡೆದು ಒಂದೇ ಆ್ಯಪ್ ತೋರಿಸ್ತಾ ಅಂತ ನೋಡ್ಕೊಂಡು ಆಮೇಲೆ ರಿಮೂವ್ ಸೇರಿಸ್ರಿ ಅಂದಿದ್ದು. ಅಂತರ್ಜಾಲದಲ್ಲಿ ಸಿಗೋ ಮಾರುದ್ದದ ಕಮಾಂಡ್‌ಗಳನ್ನ ಏನು ಅಂತ ತಿಳೀದೇ ಅಂಟಿಸೋಕೆ ಹೋಗ್ಬೇಡ್ರಿ.

ತೆಗೆದಾದ್ಮೇಲೆ ರೀಸ್ಟಾರ್ಟ್. ಶಟ್‌ಡೌನ್ ಮಾಡಿ ಆನ್ ಮಾಡೋದಲ್ಲ, ರೀಸ್ಟಾರ್ಟೇ ಆಗ್ಬೇಕು, ಯಾಕಂದ್ರೆ ಫಾಸ್ಟ್ ಸ್ಟಾರ್ಟಪ್ ಆನ್ ಇದ್ರೆ ಶಟ್‌ಡೌನ್ ಮಾಡಿದಾಗ ವಿಂಡೋಸಿನ ಒಳಭಾಗ ಪೂರ್ತಿ ಮುಚ್ಕೊಳ್ಳಲ್ಲ, ಹಳೇ ಸ್ಥಿತಿನೇ ಡಿಸ್ಕಲ್ಲಿ ಬರೆದಿಟ್ಟು ಮತ್ತೆ ಎಬ್ಬಿಸ್ತೈತೆ.

ಈಗ ಸ್ಟೋರ್ ಓಪನ್ ಮಾಡಿ ಗೇಮ್ ಬಾರ್ ಅಂತ ಹುಡುಕ್ರಿ. ಪ್ರಕಾಶಕರ ಜಾಗದಲ್ಲಿ ಮೈಕ್ರೋಸಾಫ್ಟ್ ಅಂತ ಇರೋದನ್ನೇ ತಗೊಳ್ರಿ, ಅದೇ ತರ ಹೆಸರಿಟ್ಕೊಂಡು ವಿಜೆಟ್ ಮಾರೋ ಬೇರೆಯೋರೂ ಇದಾರೆ. ಗೆಟ್ ಇಲ್ಲಾ ಇನ್‌ಸ್ಟಾಲ್ ಒತ್ರಿ. ಇದು ಫ್ರೀ, ದುಡ್ಡು ಕೇಳಿದ್ರೆ ಅದು ಗೇಮ್ ಬಾರ್ ಅಲ್ಲ. ಇಳಿದಾದ್ಮೇಲೆ ಇನ್ನೊಂದ್ಸಲ ರೀಸ್ಟಾರ್ಟ್ ಮಾಡಿ ವಿಂಡೋಸ್ ಕೀ ಜೊತೆ ಜಿ. ನೂರಕ್ಕೆ ತೊಂಬತ್ತು ಪಾಲು ಕಥೆ ಇಲ್ಲಿಗೇ ಮುಗೀತೈತೆ.

ಸ್ಟೋರೇ ಕೈ ಕೊಟ್ರೆ

ಸ್ಟೋರ್ ಓಪನ್ ಆಗಿ ಸುಮ್ನೆ ಗಿರಗಿರ ಸುತ್ತುತಾ ಇದ್ರೆ ವಿಂಡೋಸ್ ಕೀ ಜೊತೆ ಆರ್ ಒತ್ತಿ, ಡಬ್ಲ್ಯುಎಸ್‌ರೀಸೆಟ್ ಅಂತ ಟೈಪ್ ಮಾಡಿ ಎಂಟರ್ ಹೊಡೀರಿ, ಡಬ್ಲ್ಯು ಎಸ್ ಆದ್ಮೇಲೆ ರೀಸೆಟ್ ಅಂಟಿಸಿಯೇ. ಕಪ್ಪು ಕಿಟಕಿ ಬಂದು ಸ್ವಲ್ಪ ಹೊತ್ತು ಖಾಲಿ ನಿಲ್ತೈತೆ, ಮುಚ್ಚಬೇಡ್ರಿ, ತಾನೇ ಮುಚ್ಕೊಂಡು ಸ್ಟೋರ್ ಓಪನ್ ಆಗ್ತೈತೆ. ಲೈಟ್ ವಿಂಡೋಸ್‌ನಲ್ಲಿ ಸ್ಟೋರೇ ಇರಲ್ಲ, ಆಗ ಅಡ್ಮಿನ್ ಟರ್ಮಿನಲ್‌ನಲ್ಲಿ ಅದೇ ಡಬ್ಲ್ಯುಎಸ್‌ರೀಸೆಟ್ ಮುಂದೆ ಸ್ಪೇಸ್, ಹೈಫನ್, ಐ ಹಾಕಿ ಹೊಡೆದ್ರೆ ಸ್ಟೋರ್ ಹಿಂದೆಯಿಂದ ಇಳೀತೈತೆ, ಪರದೆ ಮೇಲೆ ಏನೂ ಕಾಣಲ್ಲ, ಒಂದು ಹತ್ತು ನಿಮಿಷ ಬಿಟ್ಟು ಸ್ಟಾರ್ಟ್‌ನಲ್ಲಿ ಹುಡುಕ್ರಿ. ತುಂಬಾ ಸೋಸಿರೋ ಓಎಸ್ ಆದ್ರೆ ಇದೂ ಕೆಲಸ ಮಾಡ್ದೇ ಇರಬಹುದು, ಆಗ ಅಸಲಿ ವಿಂಡೋಸ್ ಹಾಕೋದೇ ದಾರಿ, ಬೇರೆ ಸರ್ಕಸ್ ದಂಡ.

ನಮ್ಮ ಕಡೆ ಇನ್ನೊಂದು ಕಾರಣ ಐತೆ, ಯಾರೂ ಅನುಮಾನನೇ ಪಡಲ್ಲ. ಹಳೇ ಪಿಸಿಗಳಲ್ಲಿ ಮದರ್‌ಬೋರ್ಡ್ ಮೇಲಿನ ಬಟನ್ ಸೆಲ್ ಸತ್ತಿರ್ತೈತೆ. ಕರೆಂಟ್ ಹೋಗಿ ಬಂದಾಗೆಲ್ಲ, ಇಲ್ಲಾ ರಾತ್ರಿ ಸ್ವಿಚ್ ಬೋರ್ಡಲ್ಲೇ ಆಫ್ ಮಾಡಿ ಬೆಳಿಗ್ಗೆ ಆನ್ ಮಾಡಿದಾಗ, ಡೇಟ್ ಎಷ್ಟೋ ವರ್ಷ ಹಿಂದಕ್ಕೆ ಹೋಗಿ ಕೂತಿರ್ತೈತೆ. ಡೇಟ್ ತಪ್ಪಿದ್ರೆ ಸೆಕ್ಯೂರಿಟಿ ಸರ್ಟಿಫಿಕೇಟ್ ಒಪ್ಪಲ್ಲ, ಸ್ಟೋರ್ ಕನೆಕ್ಟ್ ಆಗಲ್ಲ, ಬ್ರೌಸರ್‌ನಲ್ಲೂ ಅರ್ಧ ಸೈಟ್ ತೆರೆಯಲ್ಲ. ಜನ ಇಂಟರ್ನೆಟ್ ಕೊಟ್ಟೋನಿಗೆ ಬೈತಾರೆ. ಸೆಟ್ಟಿಂಗ್ಸ್‌ನಲ್ಲಿ ಟೈಮ್ ಆ್ಯಂಡ್ ಲ್ಯಾಂಗ್ವೇಜ್‌ಗೆ ಹೋಗಿ ಟೈಮ್ ಝೋನ್ ನಮ್ಮದೇ ಐತಾ ನೋಡಿ, ಸಿಂಕ್ ನೌ ಒತ್ರಿ. ದಿನಾ ಹಿಂಗೇ ಆದ್ರೆ ಸಿಆರ್ 2032 ಸೆಲ್ ತಂದು ಹಾಕ್ರಿ, ವಾಚ್ ರಿಪೇರಿ ಮಾಡೋರ ಹತ್ರಾನೂ ಸಿಗ್ತೈತೆ, ಪ್ಲಗ್ ಕಿತ್ತು, ಹಳೇದನ್ನ ಉಗುರಲ್ಲಿ ಎತ್ತಿ, ಬರಹ ಇರೋ ಕಡೆ ಮೇಲೆ ಬರೋ ಹಂಗೆ ಕೂರಿಸಿದ್ರೆ ಆಯ್ತು.

ಇನ್‌ಸ್ಟಾಲ್ ಆಗುವಾಗ 80073ಡಿ02 ಅಂತ ಕೊನೆಯಾಗೋ ಎರರ್ ಬಂದ್ರೆ, ಅದೇ ಆ್ಯಪ್ ಇಲ್ಲಾ ಅದಕ್ಕೆ ಸಂಬಂಧಪಟ್ಟ ಯಾವುದೋ ಹಿಂದೆ ಓಡ್ತೈತೆ ಅಂತ ಅರ್ಥ. ಗೇಮು, ಎಕ್ಸ್‌ಬಾಕ್ಸ್ ಆ್ಯಪು ಎಲ್ಲಾ ಮುಚ್ಚಿ, ಟಾಸ್ಕ್ ಮ್ಯಾನೇಜರ್‌ನಲ್ಲಿ ಗೇಮ್ ಬಾರ್ ಹೆಸರಿನ ಸಾಲು ಕಂಡ್ರೆ ಎಂಡ್ ಟಾಸ್ಕ್ ಮಾಡಿ, ಮತ್ತೆ ಇನ್‌ಸ್ಟಾಲ್ ಒತ್ರಿ.

ಇಷ್ಟಾದ್ರೂ ಆಗ್ಲಿಲ್ಲ ಅಂದ್ರೆ ವಿಂಡೋಸ್ ಫೈಲ್‌ಗಳೇ ಹಾಳಾಗಿರಬಹುದು, ಅಪ್‌ಡೇಟ್ ಆಗುವಾಗ ಕರೆಂಟ್ ಹೋಗಿ ಯುಪಿಎಸ್ ಇಲ್ದೆ ಪಿಸಿ ಆಫ್ ಆಗಿರೋ ಮನೆಗಳಲ್ಲಿ ಇದು ಜಾಸ್ತಿ. ಅಡ್ಮಿನ್ ಟರ್ಮಿನಲ್‌ನಲ್ಲಿ ಮೊದ್ಲು ಇದು:

ಡಿಐಎಸ್‌ಎಂ /ಆನ್‌ಲೈನ್ /ಕ್ಲೀನಪ್-ಇಮೇಜ್ /ರಿಸ್ಟೋರ್‌ಹೆಲ್ತ್

ಆಮೇಲೆ ಇದು:

ಎಸ್‌ಎಫ್‌ಸಿ /ಸ್ಕ್ಯಾನ್‌ನೌ

ಪ್ರತಿ ಸ್ಲ್ಯಾಶ್‌ಗೂ ಮುಂಚೆ ಸ್ಪೇಸ್ ಐತೆ, ಸ್ಲ್ಯಾಶ್ ಆದ್ಮೇಲೆ ಇಲ್ಲ. ಮೊದಲನೇದು ಒಳ್ಳೇ ಫೈಲ್‌ಗಳ ದಾಸ್ತಾನು ಸರಿ ಮಾಡ್ತೈತೆ, ಎರಡನೇದು ಆ ದಾಸ್ತಾನಿಂದ ತಗೊಂಡು ಕೆಟ್ಟ ಫೈಲ್ ಬದಲಾಯಿಸ್ತೈತೆ, ಅದಕ್ಕೇ ಈ ಕ್ರಮ. ಹಾರ್ಡ್ ಡಿಸ್ಕ್ ಇದ್ರೆ ಹೊತ್ತು ಹಿಡೀತೈತೆ, ಶೇಕಡಾ 62ಕ್ಕೋ 84ಕ್ಕೋ ನಿಂತ ಹಂಗೆ ಕಂಡ್ರೂ ಕೈ ಹಾಕ್ಬೇಡ್ರಿ, ಹೋಗಿ ಮಂಡಕ್ಕಿ ಮಿರ್ಚಿ ತಿಂದು ಬರ್ರಿ. ಅದೂ ಆಗ್ಲಿಲ್ಲ ಅಂದ್ರೆ ವಿಂಡೋಸ್ 11ರ ಹೊಸ ಆವೃತ್ತಿಗಳಲ್ಲಿ ಸೆಟ್ಟಿಂಗ್ಸ್, ಸಿಸ್ಟಮ್, ರಿಕವರಿ ಒಳಗೆ ವಿಂಡೋಸ್ ಅಪ್‌ಡೇಟ್ ಮೂಲಕ ರೀಇನ್‌ಸ್ಟಾಲ್ ಮಾಡೋ ಬಟನ್ ಐತೆ. ಅದು ನಿಮ್ಮ ಫೈಲು, ಗೇಮು, ಸೆಟ್ಟಿಂಗು ಎಲ್ಲಾ ಇಟ್ಕೊಂಡೇ ವಿಂಡೋಸ್ ಮಾತ್ರ ಹೊಸ್ದು ಮಾಡ್ತೈತೆ. ಅಂಗಡೀಲಿ ಸಿ ಡ್ರೈವ್ ಒರೆಸೋದಕ್ಕಿಂತ ಇದು ಸಾವಿರ ಪಾಲು ಮೇಲು.

ಬಾರ್ ಬಂತು, ರೆಕಾರ್ಡ್ ಆಗ್ತಿಲ್ಲ

ರೆಕಾರ್ಡ್ ಶುರು ಮಾಡೋಕೆ, ನಿಲ್ಲಿಸೋಕೆ ವಿಂಡೋಸ್ ಕೀ, ಆಲ್ಟ್, ಆರ್. ಈಗಷ್ಟೇ ಆದ ಆಟ ಉಳಿಸೋಕೆ ವಿಂಡೋಸ್ ಕೀ, ಆಲ್ಟ್, ಜಿ, ಆದ್ರೆ ಅದಕ್ಕೆ ಸೆಟ್ಟಿಂಗ್ಸ್‌ನ ಕ್ಯಾಪ್ಚರ್ಸ್‌ನಲ್ಲಿ ಹಿಂದೆ ನಡೆದಿದ್ದನ್ನ ರೆಕಾರ್ಡ್ ಮಾಡೋ ಸ್ವಿಚ್ ಆನ್ ಇರ್ಬೇಕು. 8 ಜಿಬಿ ರ್‍ಯಾಮು, ಹಳೇ ಐ3 ಇರೋ ಪಿಸಿಲಿ ಆ ಸ್ವಿಚ್ ಆಫ್ ಇಟ್ರೇ ಒಳ್ಳೇದು, ಗೇಮ್ ಓಡೋವಷ್ಟು ಹೊತ್ತೂ ಹಿಂದೆ ರೆಕಾರ್ಡ್ ಆಗ್ತಾನೇ ಇರ್ತೈತೆ, "ಗೇಮ್ ಬಾರ್‌ನಿಂದ ಎಫ್‌ಪಿಎಸ್ ಬಿತ್ತು" ಅಂತ ಬೈಯೋರಲ್ಲಿ ಬಹಳಷ್ಟು ಜನ ನಿಜಕ್ಕೂ ಬೈಬೇಕಾಗಿರೋದು ಈ ಒಂದು ಸ್ವಿಚ್ಚಿಗೆ.

ಡೆಸ್ಕ್‌ಟಾಪ್ ರೆಕಾರ್ಡ್ ಆಗ್ತಿಲ್ಲ, ಫೈಲ್ ಎಕ್ಸ್‌ಪ್ಲೋರರ್ ಆಗ್ತಿಲ್ಲ ಅಂತ ಹೇಳೋರಿಗೆ, ಅದು ಕೆಟ್ಟಿಲ್ಲ, ಅದಿರೋದೇ ಹಂಗೆ. ಗೇಮ್ ಬಾರ್ ಒಂದು ಕಿಟಕಿ ಹಿಡ್ಕೊಂಡ್ರೆ ಅದನ್ನ ಮಾತ್ರ ರೆಕಾರ್ಡ್ ಮಾಡ್ತೈತೆ. ಎಮ್ಯುಲೇಟರ್‌ನಲ್ಲಿ, ಅಂದ್ರೆ ಮೊಬೈಲ್ ಗೇಮನ್ನ ಪಿಸಿಲಿ ಓಡಿಸೋ ಸಾಫ್ಟ್‌ವೇರ್‌ನಲ್ಲಿ, ಬಿಜಿಎಂಐ ತರದ್ದು ಆಡೋರಿಗೆ ಅದು ಗೇಮ್ ಅಂತ ಗೊತ್ತಾಗದೇ ಇರಬಹುದು, ಗೇಮ್ ಬಾರ್ ಓಪನ್ ಮಾಡಿ ಗಿಯರ್ ಚಿತ್ರ ಒತ್ತಿ ಜನರಲ್ ಭಾಗದಲ್ಲಿ ಇದನ್ನ ಗೇಮ್ ಅಂತ ನೆನಪಿಟ್ಕೋ ಅನ್ನೋ ಬಾಕ್ಸ್‌ಗೆ ಟಿಕ್ ಹಾಕ್ರಿ. ಕೆಲವು ಹಳೇ ಗೇಮ್‌ಗಳಲ್ಲಿ ಫುಲ್ ಸ್ಕ್ರೀನ್ ಇದ್ರೆ ಬಾರ್ ಕಾಣೋದೇ ಇಲ್ಲ, ಆದ್ರೂ ವಿಂಡೋಸ್ ಕೀ, ಆಲ್ಟ್, ಆರ್ ಶಾರ್ಟ್‌ಕಟ್ ಹೊಡೆದ್ರೆ ಸ್ಕ್ರೀನ್ ಒಂದ್ಸಲ ಮಿಣುಕ್ ಅಂದು ರೆಕಾರ್ಡ್ ಶುರು ಆಗ್ತೈತೆ. ಇಲ್ಲಾ ಗೇಮ್ ಸೆಟ್ಟಿಂಗ್‌ನಲ್ಲಿ ಬಾರ್ಡರ್‌ಲೆಸ್ ಮಾಡ್ಕೊಳ್ರಿ.

"ಈ ಪಿಸಿಗೆ ರೆಕಾರ್ಡಿಂಗ್ ಹಾರ್ಡ್‌ವೇರ್ ಇಲ್ಲ" ಅನ್ನೋ ಮೆಸೇಜ್ ಬಂದ್ರೆ ಗ್ರಾಫಿಕ್ಸ್ ನೋಡ್ಬೇಕು. ಗೇಮ್ ಬಾರ್ ವಿಡಿಯೋ ಮಾಡೋದು ಗ್ರಾಫಿಕ್ಸ್ ಚಿಪ್ ಒಳಗಿನ ಎನ್‌ಕೋಡರ್ ಇಂದ, ಅಂದ್ರೆ ಪರದೆ ಮೇಲಿನ ಚಿತ್ರನ ವಿಡಿಯೋ ಫೈಲ್ ಮಾಡೋ ಭಾಗದಿಂದ. ಮೈಕ್ರೋಸಾಫ್ಟ್ ಹೇಳೋ ಕನಿಷ್ಠ ಅಂದ್ರೆ ಎನ್‌ವಿಡಿಯಾದಲ್ಲಿ ಜಿಫೋರ್ಸ್ 600 ಸೀರೀಸ್, ಎಎಂಡಿಯಲ್ಲಿ ರೇಡಿಯಾನ್ ಎಚ್‌ಡಿ 7000 ಸೀರೀಸ್, ಇಂಟೆಲ್‌ನಲ್ಲಿ ಎಚ್‌ಡಿ ಗ್ರಾಫಿಕ್ಸ್ 4000. ಆದ್ರೆ ಇಲ್ಲೊಂದು ಗುಂಡಿ ಐತೆ. ಜಿಟಿ 1030 ಕಾರ್ಡು 600 ಸೀರೀಸ್‌ಗಿಂತ ಎಷ್ಟೋ ಹೊಸದು, ಆದ್ರೆ ಅದರಲ್ಲಿ ಎನ್‌ಕೋಡರೇ ಇಲ್ಲ. ಅದರ ಜೊತೆ ಹೆಸರಿನ ಕೊನೇಲಿ ಎಫ್ ಇರೋ ಇಂಟೆಲ್ ಪ್ರೊಸೆಸರ್, ಐ3 12100ಎಫ್ ತರದ್ದು, ಹಾಕಿ ಕೊಟ್ಟಿದ್ರೆ ಒಳಗಿನ ಗ್ರಾಫಿಕ್ಸೂ ಇಲ್ಲ. ಅಂಥ ಪಿಸಿಲಿ ನೀವು ಗೇಮ್ ಬಾರನ್ನ ಎಷ್ಟು ಸಲ ಕಿತ್ತು ಹಾಕಿದ್ರೂ ರೆಕಾರ್ಡ್ ಆಗಲ್ಲ. ಓಬಿಎಸ್ ಸ್ಟುಡಿಯೋ ಅನ್ನೋ ರೆಕಾರ್ಡಿಂಗ್ ಸಾಫ್ಟ್‌ವೇರ್ ಹಾಕ್ಕೊಂಡು ಪ್ರೊಸೆಸರ್ ಮೇಲೇ ಎನ್‌ಕೋಡ್ ಮಾಡ್ಕೋಬೇಕು, ಗೇಮ್ ಸ್ವಲ್ಪ ಜಗ್ಗುತೈತೆ. ಹೊಸ್ದಾಗಿ ಪಿಸಿ ತಗೊಳ್ಳೋರು ಕೊಟೇಶನ್ ಬರೆಸುವಾಗ್ಲೇ ಇದನ್ನ ನೋಡ್ಕೊಳ್ರಿ.

ಮಾಯ್ಕ್ ಧ್ವನಿ ಬರ್ತಿಲ್ಲ ಅಂದ್ರೆ ಸೆಟ್ಟಿಂಗ್ಸ್‌ನ ಪ್ರೈವಸಿಲಿ ಮೈಕ್ರೋಫೋನ್ ಅನುಮತಿ ನೋಡಿ, ಆಮೇಲೆ ರೆಕಾರ್ಡ್ ಆಗ್ತಿರೋವಾಗ ವಿಂಡೋಸ್ ಕೀ, ಆಲ್ಟ್, ಎಮ್ ಒತ್ತಿ ಆನ್ ಮಾಡ್ರಿ. ಪರ್ಫಾರ್ಮೆನ್ಸ್ ವಿಜೆಟ್‌ನಲ್ಲಿ ಎಫ್‌ಪಿಎಸ್ ಜಾಗ ಖಾಲಿ ಇದ್ರೆ ಅಲ್ಲೇ ರಿಕ್ವೆಸ್ಟ್ ಆ್ಯಕ್ಸೆಸ್ ಅಂತ ಕೇಳ್ತೈತೆ, ಒತ್ತಿ, ಅಡ್ಮಿನ್ ಒಪ್ಪಿಗೆ ಕೊಟ್ಟು, ರೀಸ್ಟಾರ್ಟ್ ಮಾಡ್ರಿ, ಮಾಡ್ದೇ ಇದ್ರೆ ಬರಲ್ಲ. ವಿಂಡೋಸ್ ಎಡಿಷನ್ ಹೆಸರಿನ ಕೊನೇಲಿ ಎನ್ ಅಕ್ಷರ ಇದ್ರೆ ಅದರಲ್ಲಿ ಮೀಡಿಯಾ ಭಾಗ ಇರಲ್ಲ, ಆಪ್ಷನಲ್ ಫೀಚರ್ಸ್‌ನಲ್ಲಿ ಮೀಡಿಯಾ ಫೀಚರ್ ಪ್ಯಾಕ್ ಹಾಕಿದ್ಮೇಲೇ ರೆಕಾರ್ಡಿಂಗು. ಕಾಲೇಜು ಲ್ಯಾಬು, ಆಫೀಸ್ ಲ್ಯಾಪ್‌ಟಾಪಲ್ಲಿ ಅಡ್ಮಿನ್‌ನೋರು ಪಾಲಿಸಿ ಹಾಕಿ ರೆಕಾರ್ಡಿಂಗ್ ಬಂದ್ ಮಾಡಿರ್ತಾರೆ, ಅಲ್ಲಿ ಈ ಯಾವ ಮಂತ್ರನೂ ನಡೆಯಲ್ಲ, ಅವರನ್ನೇ ಕೇಳ್ರಿ.

ನನಗೆ ಬೇಡ, ಪಾಪಪ್ ನಿಂತ್ರೆ ಸಾಕು ಅನ್ನೋರಿಗೆ

ರಿಜಿಸ್ಟ್ರಿ, ಅಂದ್ರೆ ವಿಂಡೋಸಿನ ಒಳಗಿನ ಸೆಟ್ಟಿಂಗ್ ಕಣಜ, ಮುಟ್ಟೋಕೆ ಧೈರ್ಯ ಇದ್ರೆ ಮಾತ್ರ. ವಿಂಡೋಸ್ ಕೀ ಜೊತೆ ಆರ್ ಒತ್ತಿ, ರೆಜ್‌ಎಡಿಟ್ ಅಂತ ಹೊಡೀರಿ, ಆರ್ ಇ ಜಿ ಆದ್ಮೇಲೆ ಎಡಿಟ್ ಅಂಟಿಸಿಯೇ. ಫೈಲ್ ಮೆನುಲಿ ಎಕ್ಸ್‌ಪೋರ್ಟ್ ಮಾಡಿ ಒಂದು ಕಾಪಿ ಇಟ್ಕೊಳ್ರಿ. ಆಮೇಲೆ ಎಚ್‌ಕೀ ಕರೆಂಟ್ ಯೂಸರ್, ಸಾಫ್ಟ್‌ವೇರ್, ಮೈಕ್ರೋಸಾಫ್ಟ್, ವಿಂಡೋಸ್, ಕರೆಂಟ್‌ವರ್ಷನ್, ಗೇಮ್‌ಡಿವಿಆರ್ ಅಂತ ಇಳಿದು, ಆ್ಯಪ್‌ಕ್ಯಾಪ್ಚರ್‌ಎನೇಬಲ್ಡ್ ಅನ್ನೋದನ್ನ 0 ಮಾಡ್ರಿ, ಇಲ್ಲ ಅಂದ್ರೆ 32 ಬಿಟ್ ಡಿವರ್ಡ್ ಅಂತ ಹೊಸದು ಮಾಡ್ರಿ. ಮತ್ತೆ ಅದೇ ಕರೆಂಟ್ ಯೂಸರ್ ಕೆಳಗೆ ಸಿಸ್ಟಮ್, ಗೇಮ್‌ಕಾನ್ಫಿಗ್‌ಸ್ಟೋರ್ ಒಳಗೆ ಗೇಮ್‌ಡಿವಿಆರ್ ಅಂಡರ್‌ಸ್ಕೋರ್ ಎನೇಬಲ್ಡ್ ಕೂಡ 0. ರೀಸ್ಟಾರ್ಟ್. ಬಹಳಷ್ಟು ಪಿಸಿಲಿ ಡಬ್ಬಿ ಬರೋದು ಇಲ್ಲಿಗೆ ನಿಲ್ತೈತೆ. ನಿಲ್ಲಲಿಲ್ಲ ಅಂದ್ರೆ ಜಗ್ಗಾಡ್ಬೇಡ್ರಿ, ಸ್ಟೋರ್‌ನಿಂದ ಗೇಮ್ ಬಾರ್ ವಾಪಸ್ ಹಾಕಿ, ಕಂಟ್ರೋಲರ್ ಸ್ವಿಚ್ಚು, ಹಿಂದಿನ ರೆಕಾರ್ಡಿಂಗ್ ಸ್ವಿಚ್ಚು ಎರಡೂ ಆಫ್ ಮಾಡಿ, ಬ್ಯಾಕ್‌ಗ್ರೌಂಡ್ ಪರ್ಮಿಷನ್ ನೆವರ್ ಮಾಡ್ರಿ. ಅದರ ಪಾಡಿಗೆ ಅದು ಮಲಗಿರ್ತೈತೆ, ನಿಮಗೆ ಗೊತ್ತೂ ಆಗಲ್ಲ.

ಇಟ್ಕೊಳ್ಳೋರಿಗೆ ಕೊನೇದಾಗಿ ಒಂದು ಕೆಲಸ. ಸಿ ಡ್ರೈವ್ 256 ಜಿಬಿ ಎಸ್‌ಎಸ್‌ಡಿ ಇದ್ರೆ ಕ್ಲಿಪ್‌ಗಳೇ ಅದನ್ನ ನುಂಗ್ತಾವೆ, ಒಂದು ರೆಕಾರ್ಡಿಂಗ್ ಡೀಫಾಲ್ಟ್ ಆಗಿ ಎರಡು ಗಂಟೆವರೆಗೂ ಓಡ್ತೈತೆ, ನಿಲ್ಲಿಸೋದು ಮರೆತ್ರೆ ಅಷ್ಟೇ ಗತಿ. ಕ್ಯಾಪ್ಚರ್ಸ್ ಸೆಟ್ಟಿಂಗ್‌ನಲ್ಲಿ ಅದನ್ನ 30 ನಿಮಿಷಕ್ಕೆ ಇಳಿಸಿ, 60 ಬೇಡ ಅಂದ್ರೆ 30 ಎಫ್‌ಪಿಎಸ್ ಮಾಡಿ. ವಿಡಿಯೋಸ್ ಒಳಗಿನ ಕ್ಯಾಪ್ಚರ್ಸ್ ಫೋಲ್ಡರನ್ನ ಹಂಗೇ ಕಟ್ ಮಾಡಿ ಡಿ ಡ್ರೈವ್‌ಗೆ ಪೇಸ್ಟ್ ಮಾಡಿದ್ರೆ ಸಾಕು, ಗೇಮ್ ಬಾರ್ ಆ ಫೋಲ್ಡರ್ ಹೋದ ಕಡೆನೇ ಮುಂದಿನ ಕ್ಲಿಪ್‌ಗಳನ್ನ ಉಳಿಸ್ತೈತೆ, ಬೇರೆ ಸೆಟ್ಟಿಂಗ್ ಏನೂ ಬೇಕಿಲ್ಲ.